ಕರ್ನಲರ ಕೊನೆಯ ಸೇತುವೆ

ಕರ್ನಲ್ ಪೆನ್ನಿಮನ್ ಸೈನ್ಯಕ್ಕೆ ಸೇತುವೆ ಕಟ್ಟಿ ಕಟ್ಟಿ ಮುದುಕರಾಗಿ, ಕೊನೆಗೆ ನಮ್ಮ ವರ್ಮಾಂಟಿನಲ್ಲಿ ಸೈನಿಕ ಶಾಲೆ ತೆರೆದರು. ಅವರ ಬೈಗುಳಕ್ಕೆ ಹೆದರಿ ಹೊಳೆಯ ಮೀನೂ ಸಾಲಾಗಿ ಈಜುತ್ತಿತ್ತು. ಆದರೆ ಶಾಲೆಯ ಮುಂದಿನ ಮರದ ಸೇತುವೆಯ ಮೇಲೆ ಮಾತ್ರ ಹುಡುಗರು ಹೆಜ್ಜೆ ತಪ್ಪಿಸಿ ನಡೆಯಬೇಕಿತ್ತು. ಎಲ್ಲರೂ ಒಂದೇ ಹೆಜ್ಜೆ ಹಾಕಿದರೆ ಸೇತುವೆ ತೂಗಿ ಮುರಿದೀತು ಎಂದು ಕರ್ನಲರು ಸೀಮೆಸುಣ್ಣದಿಂದ ಚಿತ್ರ ಬರೆದು ತೋರಿಸುತ್ತಿದ್ದರು.

ಅವರು ತೀರಿಕೊಂಡಾಗ ಅವರ ಶವದ ಪೆಟ್ಟಿಗೆಯೂ ಅದೇ ಸೇತುವೆ ದಾಟಬೇಕಿತ್ತು. ಹೊತ್ತವರಲ್ಲಿ, ಶಾಲೆಯ ಬಟ್ಟೆ ಒಗೆಯುವ ನನ್ನ ಒಬ್ಬನೇ ಮಗ ಎಜ್ರಾನೂ ಇದ್ದ. ಕರ್ನಲರ ಜಾಗಕ್ಕೆ ಬಂದ ಹೊಸ ಮೇಜರನಿಗೋ ಬಲು ಶೋಕಿ. ಡೋಲು ಬಡಿಸಿ, ಎಲ್ಲರಿಂದ ಒಂದೇ ಹೆಜ್ಜೆ ಹಾಕಿಸಿದ.

"ಸ್ವಾಮಿ, ಹೆಜ್ಜೆ ತಪ್ಪಿಸೋಕೆ ಹೇಳಿ," ಎಂದೆ.

"ನೀನು ಬಟ್ಟೆ ಒಗಿಯಮ್ಮ. ಸೈನ್ಯ ನಾನು ನೋಡ್ಕೋತೀನಿ."

ನಾನು ಶಾಲೆಯ ದಡದಲ್ಲೇ ನಿಂತೆ. ಅವರು ನಡುವಿಗೆ ಹೋದಾಗ ಸೇತುವೆ ತೊಟ್ಟಿಲಿನಂತೆ ತೂಗಿತು. ಆಗ ಡೋಲಿನ ಸದ್ದು ನಿಂತುಹೋಯಿತು. ಬಡಿಯುವವನ ಕೈ ಏಳುತ್ತ ಬೀಳುತ್ತಲೇ ಇತ್ತು. ತಾಳವಿಲ್ಲದೆ ಹುಡುಗರ ಹೆಜ್ಜೆ ತಪ್ಪಿತು, ತೂಗಾಟ ನಿಂತಿತು, ಎಲ್ಲರೂ ಆಚೆ ದಡ ಸೇರಿದರು.

ಆಮೇಲೆ ಖಾಲಿ ಸೇತುವೆಯ ಹಲಗೆಗಳು ಒಂದೊಂದಾಗಿ ಕಿರುಗುಟ್ಟುತ್ತ ನನ್ನ ಕಡೆಗೆ ಬಂದವು. ಸೀಮೆಸುಣ್ಣದ ವಾಸನೆಯೊಂದು ತಣ್ಣಗೆ ನನ್ನ ಪಕ್ಕದಲ್ಲಿ ಹಾದು, ಶಾಲೆಯತ್ತ ಹೋಯಿತು.

ಹೂತು ಬಂದ ಎಜ್ರಾ ಊಟ ಮುಟ್ಟಲಿಲ್ಲ.

"ಅಮ್ಮಾ, ಸೇತುವೆ ನಡುವಿಂದ ಆಚೆಗೆ ಪೆಟ್ಟಿಗೆ ಭಾರಾನೇ ಇರ್ಲಿಲ್ಲ."

"ಮೇಜರಿಗೆ ಹೇಳಿದ್ಯೇನೋ?"

"ಹೇಳ್ದೆ. ಮೊಳೆ ಹೊಡೆದಾಗಿದೆ, ಸುಮ್ನೆ ಹೂತುಬಿಡಿ ಅಂದ್ರು."