ಮಿಹಾಲಿಯ ಬೂಟು

ಹೋಗಬೇಕಾಗಿದ್ದು ಒಂದು ಜೊತೆ ಬೂಟಿಗಾಗಿ. ಚಿನ್ನವಲ್ಲ, ನಿಧಿಯಲ್ಲ, ಮೊಳೆ ಹೊಡೆದ ಹಳೇ ತೊಗಲಿನ ಬೂಟು. ಅದು ಅಡಿಲೇಡಿನಿಂದ ಉತ್ತರಕ್ಕೆ ಒಂದು ದಿನದ ದಾರಿ, ಫ್ಲಿಂಡರ್ಸ್ ಬೆಟ್ಟಸಾಲಿನ ಒಂದು ಗವಿಯಲ್ಲಿತ್ತು. ತರಬೇಕಾದವಳು ದೇವಕಿ. ಮಾತು ಕೊಟ್ಟವಳೇ ಅವಳಲ್ಲವೇ, ಇನ್ಯಾರು ತರಬೇಕು?

ದೇವಕಿ ಮೈಸೂರಿನವಳು, ಅಡಿಲೇಡಿನ ಒಂದು ವೃದ್ಧಾಶ್ರಮದಲ್ಲಿ ನರ್ಸು. ಅವಳ ಆರೈಕೆಯಲ್ಲಿದ್ದ ಸಿಫಿಸ್ ಎಂಬ ಮುದುಕನಿಗೆ ತೊಂಬತ್ತು ದಾಟಿತ್ತು. ಗ್ರೀಕರು ತಾತನನ್ನು ಪಪ್ಪೂ ಅನ್ನುತ್ತಾರೆ, ಇವಳೂ ಹಾಗೇ ಕರೆಯುತ್ತಿದ್ದಳು. ಡಾಕ್ಟರು ಈ ವಾರ ಕಳೆದರೆ ಹೆಚ್ಚು ಅಂದ ದಿನ ಮುದುಕ ಅವಳ ಮುಂಗೈ ಹಿಡಿದುಕೊಂಡ.

"ನನ್ನ ಹೂಳುವಾಗ ಆ ಬೂಟು ನನ್ನ ಕಾಲಲ್ಲಿ ಇರಬೇಕು. ಅದು ನನ್ನದಲ್ಲ, ಮಿಹಾಲಿಯದು. ಅವನಿಗೆ ವಾಪಸ್ ಕೊಡಬೇಕು."

ಮಿಹಾಲಿ ಅವನ ಅಣ್ಣ. ಕ್ರೀಟ್ ದ್ವೀಪವನ್ನು ನಾಜಿಗಳು ಹಿಡಿದಿದ್ದ ಕಾಲ. ಬೆಟ್ಟದ ಗವಿಗಳಲ್ಲಿ ಅಡಗಿ ಅವರ ವಿರುದ್ಧ ಹೋರಾಡುತ್ತಿದ್ದವರಿಗೆ ಅವರ ಹಳ್ಳಿಯವರು ರೊಟ್ಟಿ ಕೊಡುತ್ತಿದ್ದರು. ಯಾರೋ ಬಾಯಿಬಿಟ್ಟರು. ಒಂದು ಬೆಳಿಗ್ಗೆ ಸೈನಿಕರು ಬಂದು ಊರಿನ ಗಂಡಸರನ್ನೆಲ್ಲ ಚರ್ಚಿನ ಗೋಡೆಗೆ ನಿಲ್ಲಿಸಿ ಗುಂಡಿಟ್ಟರು. ತಾಯಿ ಹೆಣಗಳ ನಡುವೆ ನಡೆದು ಹೋದಳು. ಸೈನಿಕರು ಅಲ್ಲೇ ಸಿಗರೇಟು ಸೇದುತ್ತಾ ನಿಂತಿದ್ದರು. ದೊಡ್ಡ ಮಗನ ಕಾಲಿಂದ ಬೂಟು ಎಳೆದುಕೊಂಡಳು, ರೊಟ್ಟಿ ಸುಡುವ ಒಲೆಯೊಳಗೆ ಬಚ್ಚಿಟ್ಟಿದ್ದ ಚಿಕ್ಕವನನ್ನು ಹಿಂಬಾಗಿಲಿಗೆ ಎಳೆದು ತಂದಳು, ಬೂಟಿಗೆ ಚಿಂದಿ ತುಂಬಿ ಅವನ ಬರಿಗಾಲಿಗೆ ಹಾಕಿದಳು. "ಓಡು" ಅಂದಳು. ಅಷ್ಟೇ. ಅಪ್ಪಿಕೊಳ್ಳಲೂ ಇಲ್ಲ.

ಹುಡುಗ ಓಡಿದ. ಯುದ್ಧ ಮುಗಿಯುವವರೆಗೂ ಅದೇ ಬೂಟಿನಲ್ಲಿ ಗವಿಯಿಂದ ಗವಿಗೆ ಸುದ್ದಿ ಮುಟ್ಟಿಸುತ್ತಾ ಓಡಿದ. ತಿರುಗಿ ಬಂದಾಗ ಮನೆ ಬೂದಿ, ತಾಯಿ ಆ ಬೂದಿಯ ಒಳಗೆ.

ಆಮೇಲೆ ಹಡಗು ಹತ್ತಿ ಆಸ್ಟ್ರೇಲಿಯಕ್ಕೆ ಬಂದ, ಈ ಬೆಟ್ಟಗಳಲ್ಲಿ ಗಣಿ ಕೆಲಸ ಹಿಡಿದ. ಸತ್ತವನ ಬೂಟು ಮನೆಯೊಳಗೆ ಬೇಡ ಅಂತ ಹೆಂಡತಿ ಹಟ ಹಿಡಿದಳು, ಅವನು ಗವಿಯಲ್ಲಿಟ್ಟ. ಊರು ಸತ್ತ ದಿನ ಪ್ರತಿ ವರ್ಷ ಅಲ್ಲಿಗೆ ಹತ್ತಿ, ದೀಪ ಹಚ್ಚಿ, ಬೂಟಿಗೆ ಎಣ್ಣೆ ಸವರಿ ಬರುತ್ತಿದ್ದ. ಅಡಿಲೇಡಿನ ಕ್ರೀಟ್ ಸಂಘದವರೆಲ್ಲ ಸೇರಿ ಮಾಡುವ ಸ್ಮರಣೆಗೆ ಒಂದೇ ಒಂದು ಸಲ ಹೋಗಿದ್ದನಂತೆ. ಅಲ್ಲಿ ಹಾರ, ಭಾಷಣ, ಕೊನೆಗೆ ಕೆಂಡದ ಮೇಲೆ ಸುಡುವ ಕುರಿ ಮಾಂಸ. ಸುಟ್ಟ ವಾಸನೆ ಮೂಗಿಗೆ ಬಡಿದದ್ದೇ ತಡ, ಎದ್ದು ಬಂದವನು ಮತ್ತೆ ಆ ಕಡೆ ತಲೆ ಹಾಕಲಿಲ್ಲ.

"ತರ್ತೀನಿ ಪಪ್ಪೂ" ಅಂದುಬಿಟ್ಟಳು ದೇವಕಿ. ಹೇಗೆ ಅಂತ ಆಮೇಲೆ ಯೋಚಿಸಿದಳು.

ತಮ್ಮ ಸುಮಂತನಿಗೆ ಫೋನ್ ಹೋಯಿತು. ಅವನು ಪರ್ತ್‌ನ ವೆಲ್ಷ್‌ಪೂಲ್‌ನಲ್ಲಿ ಗಣಿ ಡ್ರಿಲ್ ಯಂತ್ರ ರಿಪೇರಿ ಮಾಡುವ ಎಂಜಿನಿಯರು, ಕಾಡುಮೇಡು ಸುತ್ತಿ ಗೊತ್ತಿದ್ದವನು. ಬ್ರಿಸ್ಬೇನಿನ ಟೂವಾಂಗ್‌ನಲ್ಲಿ ಓದುತ್ತಿದ್ದ ತಂಗಿಯ ಮಗಳು ನಿಹಾರಿಕಾಗೆ ಬಂಡೆ ಹತ್ತುವ ಹುಚ್ಚು. ಇಬ್ಬರೂ ವಿಮಾನ ಹತ್ತಿ ಬಂದರು. ಗವಿ ಇದ್ದ ಜಾಗ ಕುರಿ ಸಾಕುವ ಒಂದು ದೊಡ್ಡ ಜಮೀನಿನೊಳಗಿತ್ತು, ಅದರ ಯಜಮಾನ ಫೋನಿನಲ್ಲೇ ಒಪ್ಪಿಗೆ ಕೊಟ್ಟು ಒಂದೇ ಮಾತು ಹೇಳಿದ: ಕ್ರೀಕಿನ, ಅಂದರೆ ಒಣಹಳ್ಳದ, ಪಾತ್ರದಲ್ಲಿ ಏನನ್ನೂ ಬಿಡಬೇಡಿ. ಸುಮಂತ ಕಾರನ್ನು ಎತ್ತರದ ದಿಬ್ಬದ ಮೇಲೆ ನಿಲ್ಲಿಸಿ ತನ್ನ ಜಾಣತನಕ್ಕೆ ತಾನೇ ತಲೆದೂಗಿದ.

ಬೆಳಕು ಹರಿಯುವ ಹೊತ್ತಿಗೆ ಮೂವರೂ ಕೊರಕಲಿಗೆ ಇಳಿದರು. ಎರಡೂ ಕಡೆ ಕೆಂಪು ಬಂಡೆಯ ಗೋಡೆ, ನಡುವೆ ಒಣಗಿದ ಕ್ರೀಕು. ಕ್ರೀಕಿನ ತುಂಬ ಚಕ್ಕೆ ಚಕ್ಕೆಯಾಗಿ ಎದ್ದು ನಿಂತ ಕಲ್ಲು, ಅಂಚು ಮುಟ್ಟಿದರೆ ಬೆರಳು ಕೊಯ್ಯುವಷ್ಟು ಹರಿತ. ದಡದಲ್ಲಿ ನೀಲಗಿರಿಯ ಜಾತಿಯ ದಪ್ಪ ದಪ್ಪ ಗಮ್ ಮರಗಳು, ಅವುಗಳ ಕೊಂಬೆಯ ಸಂದಿನಲ್ಲಿ ಯಾವುದೋ ಕಾಲದ ಪ್ರವಾಹ ತಂದು ಸಿಕ್ಕಿಸಿದ ಕಸಕಡ್ಡಿ. ಒಂದು ಕಡೆ ಸತ್ತ ಕಾಂಗರೂ, ಅದರ ಕಣ್ಣು ಕುಕ್ಕುತ್ತಿದ್ದ ಕಾಗೆಗಳು ಇವರನ್ನು ಕಂಡು ಒಂದಿಷ್ಟೂ ಹೆದರಲಿಲ್ಲ. ಸ್ವಲ್ಪ ಹೊತ್ತಿಗೇ ಬಿಸಿಲು ಕುತ್ತಿಗೆ ಸುಡತೊಡಗಿತು. ಮೇಲೆ ಆಕಾಶ ನೀಲಿ. ದೂರ ಉತ್ತರದಲ್ಲಿ ಮಾತ್ರ ಒಂದು ಕಪ್ಪು ಗೆರೆ.

ಬೆಳಗಿನ ತಿಂಡಿಗೆ ತಂದ ಚಪಾತಿ ಮುಗಿಸಿ ಇನ್ನೂ ಬಹಳ ನಡೆದ ಮೇಲೆ ಗವಿ ಕಂಡಿತು. ಬಂಡೆಗೋಡೆಯಲ್ಲಿ ಎರಡು ಅಂತಸ್ತಿನಷ್ಟು ಮೇಲೆ. ಬಾಯಲ್ಲಿ ಮಸಿ ಹಿಡಿದ ದೀಪದ ಗೂಡು.

"ಬೂಟು ಬಿಚ್ಚಿ" ಅಂದಳು ದೇವಕಿ.

"ಅಕ್ಕಾ?"

"ದೀಪ ಹಚ್ಚಿದ ಜಾಗ ಕಣೋ. ಸತ್ತವರ ಜಾಗ. ಬೂಟುಗಾಲಲ್ಲಿ ಹತ್ತೋದಾ? ಆ ನಿನ್ನ ಸೊಂಟದ ಪೌಚು ತೊಗಲಿಂದಲ್ವಾ, ಅದನ್ನೂ ಇಲ್ಲೇ ಇಡು."

ನಿಹಾರಿಕಾಗೆ ನಗು. "ದೊಡ್ಡಮ್ಮ, ಲೆದರ್ ಬೂಟು ತರೋಕೆ ಹೋಗ್ತಾ ಇದೀವಿ. ಲೆದರ್ ಹೊರಗೆ ಬಿಟ್ಟು ಹೋಗೋದಾ?"

"ತಲೆಹರಟೆ ಮಾಡ್ಬೇಡ. ಬಿಚ್ಚು."

ಬರಿಗಾಲಲ್ಲಿ ಬಂಡೆ ಹಿಡಿತ ಚೆನ್ನಾಗಿ ಸಿಗುತ್ತೆ ಅಂತ ಹುಡುಗಿಯೂ ಒಪ್ಪಿದಳು. ಕ್ರೀಕಿನ ಚಪ್ಪಟೆ ಕಲ್ಲಿನ ಮೇಲೆ ಮೂರು ಜೊತೆ ಬೂಟು ಸಾಕ್ಸ್ ಸಮೇತ, ದೇವಸ್ಥಾನದ ಮುಂದೆ ಬಿಟ್ಟ ಹಾಗೆ ಸಾಲಾಗಿ ಕೂತವು. ಪಕ್ಕದಲ್ಲಿ ಪೌಚು. ಅಪಾಯ ಬಂದಾಗ ಗುಂಡಿ ಒತ್ತಿದರೆ ರಕ್ಷಣೆಯವರಿಗೆ ಸುದ್ದಿ ಮುಟ್ಟಿಸುವ ಬೀಕನ್ ಆ ಪೌಚಿನಲ್ಲೇ ಇತ್ತು! ಇಷ್ಟು ಓದಿದ ಮೂವರಲ್ಲಿ ಒಬ್ಬರಿಗಾದರೂ ಯಜಮಾನನ ಮಾತು ನೆನಪಾಗಬೇಡವೇ?

ನಿಹಾರಿಕಾ ಹಲ್ಲಿಯಂತೆ ಹತ್ತಿ ಹಗ್ಗ ಇಳಿಬಿಟ್ಟಳು. ಉಳಿದಿಬ್ಬರು ಏದುಸಿರು ಬಿಡುತ್ತಾ ಮೇಲೆ ಬಂದರು. ಒಳಗೆ ಗೋಡೆಯ ಮೇಲೆ ಉಳಿಯಲ್ಲಿ ಕೊರೆದ, ಆ ಊರಿನ ಸತ್ತವರ ಹೆಸರುಗಳು, ನೆಲದಿಂದ ತಲೆಯ ಎತ್ತರದವರೆಗೆ. ಕೆಳಗೆ ಗಟ್ಟಿ ಕ್ಯಾನ್ವಾಸಿನಲ್ಲಿ ಸುತ್ತಿಟ್ಟ ಬೂಟು. ಎಣ್ಣೆ ಕುಡಿದು ಕುಡಿದು ಕಪ್ಪಾಗಿತ್ತು, ಹಿಮ್ಮಡಿಯಲ್ಲಿ ಬಿರುಕು ಬಿಟ್ಟಿತ್ತು. ದೇವಕಿ ಅದನ್ನು ಕಣ್ಣಿಗೊತ್ತಿಕೊಂಡಳು.

ಆಗ ಸದ್ದು ಬಂತು. ಲಾರಿಯಿಂದ ಜಲ್ಲಿ ಸುರಿದ ಹಾಗೆ.

"ಗುಡುಗಾ?" ಅಂದಳು ನಿಹಾರಿಕಾ.

ಸುಮಂತ ಗವಿಯ ಬಾಯಿಗೆ ಹಾರಿದ. "ಅಯ್ಯೋ! ಬೂಟು!"

ಹಗ್ಗ ಹಿಡಿದ. ಅರ್ಧ ಇಳಿದ. ತಿರುವಿನಲ್ಲಿ ಕೆಂಪು ನೀರು ಕಾಣಿಸಿತು. ಮರದ ದಿಮ್ಮಿ, ಕಲ್ಲು, ಸತ್ತ ಕಾಂಗರೂ, ಎಲ್ಲವನ್ನೂ ಉರುಳಿಸಿಕೊಂಡು ಬಂತು.

"ಮೇಲೆ ಬಾರೋ!" ದೇವಕಿ ಕಿರುಚಿದಳು. ಇಬ್ಬರೂ ಸೇರಿ ಹಗ್ಗ ಎಳೆದರು. ನೀರು ಅವನ ಪಾದ ನೆಕ್ಕಿಕೊಂಡು ಹೋಯಿತು.

ಚಪ್ಪಟೆ ಕಲ್ಲೇ ಕಾಣಲಿಲ್ಲ. ಇನ್ನು ಬೂಟೆಲ್ಲಿ?

ಮಧ್ಯಾಹ್ನದ ಹೊತ್ತಿಗೆ ನೀರು ಮೊಣಕಾಲಿಗೆ, ಆಮೇಲೆ ಪಾದಕ್ಕೆ ಇಳಿಯಿತು. ಉತ್ತರದಲ್ಲಿ ಮತ್ತೆ ಮೋಡ ಕಟ್ಟುತ್ತಿತ್ತು. ಫೋನಿಗೆ ಸಿಗ್ನಲ್ ಇಲ್ಲ, ಬೀಕನ್ ನೀರುಪಾಲು. ಕಾಯುತ್ತಾ ಕೂತರೆ ಯಾರೂ ಹುಡುಕಿಕೊಂಡು ಬರುವುದಿಲ್ಲ, ಅಲ್ಲಿ ಪಪ್ಪೂ ಕಣ್ಣು ಮುಚ್ಚಿರುತ್ತಾನೆ. ಸುಮಂತನ ಟೀಶರ್ಟು, ದೇವಕಿಯ ದುಪಟ್ಟಾ ಹರಿದು ಕಾಲಿಗೆ ಸುತ್ತಿಕೊಂಡರು. ಮಿಹಾಲಿಯ ಬೂಟು ದೇವಕಿಯ ಬ್ಯಾಗಿಗೆ ಹೋಯಿತು.

ಬಟ್ಟೆ ಎಷ್ಟು ಹೊತ್ತು ತಾಳೀತು? ಒಂದು ತಿರುವು ದಾಟುವಷ್ಟರಲ್ಲಿ ಚಿಂದಿ. ದಂಡೆಯ ಕಲ್ಲು ಕಾದ ಕಾವಲಿ. ಕ್ರೀಕಿನೊಳಗೆ ಇಳಿದರೆ ಕೆಸರಿನ ಅಡಿಯಲ್ಲಿ ಚಕ್ಕೆಕಲ್ಲು. ಮೇಲೆ ಹತ್ತಿದರೆ ಸೂಜಿಯಂಥ ಹುಲ್ಲು.

ನಿಹಾರಿಕಾ ಒಂದು ಕಲ್ಲಿನಿಂದ ಇನ್ನೊಂದಕ್ಕೆ ನೆಗೆದಳು. ಕಲ್ಲು ಮಗುಚಿತು. ಕಿರುಚಿಕೊಂಡು ಕೂತಳು. ಅಂಗಾಲು ಉದ್ದಕ್ಕೆ ಸೀಳಿತ್ತು, ಒಳಗಿನ ಬಿಳಿ ಕಾಣುತ್ತಿತ್ತು. ದೇವಕಿ ದುಪಟ್ಟಾದ ಇನ್ನೊಂದು ತುಂಡು ಹರಿದು ಬಿಗಿಯಾಗಿ ಕಟ್ಟಿದಳು. ಸುಮಂತ ಹುಡುಗಿಯನ್ನು ಬೆನ್ನಿಗೆ ಹಾಕಿಕೊಂಡ.

ಎರಡು ಆಳಿನ ಭಾರ, ಬರಿಗಾಲು. ಹೆಜ್ಜೆಗೊಂದು ಸಲ ಅವನ ಗಂಟಲಿನಿಂದ ಸಣ್ಣ ಸದ್ದು ಬರುತ್ತಿತ್ತು.

"ಅಕ್ಕಾ, ಆ ಬೂಟು ಕೊಡು. ನನ್ನ ಸೈಜೇ ಇದೆ."

"ಆಗಲ್ಲ."

"ದೊಡ್ಡಮ್ಮ, ಪ್ಲೀಸ್. ಮಾಮನ ಕಾಲು ನೋಡಿ."

"ಎಂಬತ್ತು ವರ್ಷದ ತೊಗಲು ಕಣೇ ಅದು, ಎರಡು ಹೆಜ್ಜೆಗೆ ಹರಿದುಹೋಗುತ್ತೆ. ಆಮೇಲೆ ನಾನು ಆ ಮುದುಕನ ಕಾಲಿಗೆ ಏನು ಹಾಕಲಿ? ಸಾಯೋನಿಗೆ ಮಾತು ಕೊಟ್ಟಿದೀನಿ ನಾನು!"

ಸುಮಂತ ಮತ್ತೆ ಕೇಳಲಿಲ್ಲ. ನಡೆದ. ಬ್ಯಾಗನ್ನು ಎದೆಗೆ ಅವುಚಿಕೊಂಡು ದೇವಕಿ ಹಿಂದೆ ಬಂದಳು. ಮುಂದಿದ್ದ ಬಂಡೆಗಳ ಮೇಲೆ ತಮ್ಮನ ಪಾದ ಒಂದೊಂದೂ ಅಚ್ಚೊತ್ತಿತ್ತು, ಕೆಂಪಗೆ, ಒದ್ದೆಯಾಗಿ. ಅವಳು ಅವನ್ನು ತುಳಿಯದೆ ಪಕ್ಕಕ್ಕೆ ಸರಿದು ನಡೆದಳು. ನೋಡಲಿಲ್ಲ ಅಂತಲ್ಲ, ನೋಡಿಯೇ ನಡೆದಳು. ಎಷ್ಟೋ ಹೊತ್ತು ಹಾಗೇ ನಡೆದಳು.

ಕೊನೆಗೆ ಅವನು ಮೊಣಕಾಲೂರಿ ಕುಸಿದ. ಆಗಲೂ ಹುಡುಗಿಯನ್ನು ಬೀಳಿಸಲಿಲ್ಲ.

"ಹೋಗ್ಬಿಡು ಅಕ್ಕಾ. ಕಾರಿನ ಹತ್ರ ನೀನೊಬ್ಬಳೇ ಹೋಗು."

ಅವಳ ಕಾಲೂ ಸೀಳಿ ಹೋಗಿತ್ತು, ಅವಳೆಲ್ಲಿ ಹೋಗಬೇಕು? ಹಿಂದೆ ಗುಡುಗಿತು. ಈ ಸಲ ನಿಜವಾದ ಗುಡುಗು.

ದೇವಕಿ ಬ್ಯಾಗು ಬಿಚ್ಚಿದಳು. ತಮ್ಮನ ಮುಂದೆ ಕೂತು, ಅವನ ಪಾದದಿಂದ ಕಲ್ಲಿನ ಚೂರು ಕಿತ್ತು, ಬೂಟು ಹಾಕಿದಳು. ಲೇಸು ಇರಲಿಲ್ಲ, ದುಪಟ್ಟಾದ ಉಳಿದ ಅಂಚಿನಿಂದ ಬಿಗಿದಳು. ಕಣ್ಣಲ್ಲಿ ನೀರು ಸುರಿಯುತ್ತಿತ್ತು.

"ಮೊದಲೇ ಕೊಡ್ಬೇಕಿತ್ತು ಕಣೋ. ನಾನೊಬ್ಬಳು ಪಾಪಿ. ಏಳು. ಎದ್ದೇಳು ಅಂದೆ!"

ಎದ್ದ. ಮೊದಲ ಹೆಜ್ಜೆಗೇ ಹಿಮ್ಮಡಿಯ ಬಿರುಕು ಬಾಯಿಬಿಟ್ಟಿತು. ಆದರೂ ಬೂಟು ತಾಳಿತು. ಚಕ್ಕೆಕಲ್ಲಿನ ಮೇಲೆ ಮೊಳೆಗಳು ಕಟಕಟ ಅಂದವು. ಬಲಗಾಲಿನ ಅಟ್ಟೆ ಒಂದು ಕಡೆ ಕಳಚಿ ನೇತಾಡಿತು, ದೇವಕಿ ಮತ್ತೆ ಕಟ್ಟಿದಳು. ಮತ್ತೆ ಕಳಚಿತು, ಮತ್ತೆ ಕಟ್ಟಿದಳು.

ಎರಡನೇ ಪ್ರವಾಹ ಕೊರಕಲಿಗೆ ನುಗ್ಗಿದಾಗ ಮೂವರೂ ದಿಬ್ಬದ ಮೇಲೆ ಕಾರಿಗೆ ಒರಗಿಕೊಂಡು ಬಿದ್ದಿದ್ದರು. ಸೂರ್ಯ ಮುಳುಗುತ್ತಿದ್ದ.

ಹತ್ತಿರದ ಊರಿನ ಆಸ್ಪತ್ರೆಯಲ್ಲಿ ಹೊಲಿಗೆ ಬಿತ್ತು. ಮಾರನೇ ದಿನ ದೇವಕಿಯೇ ಬ್ಯಾಂಡೇಜು ಕಾಲಲ್ಲಿ ಕಾರು ಓಡಿಸಿದಳು. ದಾರಿಯ ಪೆಟ್ರೋಲ್ ಬಂಕಿನಲ್ಲಿ ಮೂರು ಜೊತೆ ಹವಾಯಿ ಚಪ್ಪಲಿ ಕೊಂಡರು.

"ಅಕ್ಕಾ" ಅಂದ ಸುಮಂತ ಹಿಂದಿನ ಸೀಟಿನಿಂದ, "ಇನ್ಮೇಲೆ ದೇವಸ್ಥಾನಕ್ಕೂ ಬೂಟು ಹಾಕ್ಕೊಂಡೇ ಹೋಗ್ತೀನಿ. ದೇವರು ಬೇಕಾದ್ರೆ ಬೈಕೊಳ್ಳಲಿ."

ನಿಹಾರಿಕಾ ನಕ್ಕಳು. ದೇವಕಿಗೆ ನಗು ಬರಲಿಲ್ಲ. ಪಕ್ಕದ ಸೀಟಿನಲ್ಲಿ ಬೂಟು ಬಾಯಿಬಿಟ್ಟುಕೊಂಡು ಕೂತಿತ್ತು.

ಪಪ್ಪೂ ಇನ್ನೂ ಇದ್ದ. ಉಸಿರು ಎದೆಯ ಮೇಲಷ್ಟೇ ಆಡುತ್ತಿತ್ತು. ದೇವಕಿ ಬೂಟನ್ನು ಅವನ ಹೊಟ್ಟೆಯ ಮೇಲಿಟ್ಟು ತಲೆ ತಗ್ಗಿಸಿ ನಿಂತಳು. "ಹಾಳು ಮಾಡಿಬಿಟ್ಟೆ ಪಪ್ಪೂ. ಕ್ಷಮಿಸಿ."

ಮುದುಕ ಬೆರಳಿನಿಂದ ಅಟ್ಟೆ ತಡವಿದ. ಕಟ್ಟಿದ ದುಪಟ್ಟಾ ತಡವಿದ. ಬೂಟಿನೊಳಗೆ ಕೈ ಹಾಕಿದ. ಬೆರಳ ತುದಿಗೆ ಒಣಗಿದ ರಕ್ತದ ಪುಡಿ ಹತ್ತಿತು.

"ಯಾರದು?"

"ನನ್ನ ತಮ್ಮಂದು. ಹುಡುಗೀನ ಬೆನ್ನ ಮೇಲೆ ಹೊತ್ಕೊಂಡು ಬಂದ."

"ಬದುಕಿದಾನಾ?"

"ಹೂಂ. ಇಬ್ಬರೂ ಹೊರಗೆ ಕೂತಿದಾರೆ."

ಮುದುಕ ಬೆರಳನ್ನು ನೋಡಿದ. "ಅಮ್ಮ ನನಗೆ ಹಾಕಿದಾಗಲೂ ಒಳಗೆ ಒದ್ದೆಯಾಗಿತ್ತು" ಅಂದ. "ಮಿಹಾಲಿಯ ರಕ್ತ. ಕಾಲು ಜಾರುತ್ತಿತ್ತು. ತೊಳೆಯಬೇಡ."

ಮಾರನೇ ದಿನ ಬೆಳಿಗ್ಗೆ ಹೋಗಿಬಿಟ್ಟ.

ಸುದ್ದಿ ತಿಳಿದು ಸಂಘದ ಹಿರಿಯರೊಬ್ಬರು ಬಂದರು. ಇಂಥಾ ಬೂಟನ್ನು ಮಣ್ಣು ಮಾಡುವುದೇ, ಗಾಜಿನ ಪೆಟ್ಟಿಗೆಯಲ್ಲಿಟ್ಟರೆ ನಾಲ್ಕು ಜನ ನೋಡುತ್ತಾರೆ ಅಂದರು. ಒಳ್ಳೆಯ ಮನುಷ್ಯ, ಹೇಳಿದ್ದರಲ್ಲಿ ತಪ್ಪೇನೂ ಇರಲಿಲ್ಲ. ದೇವಕಿ ತನ್ನ ಬ್ಯಾಂಡೇಜು ಕಾಲು ತೋರಿಸಿ, "ಪಪ್ಪೂ ಅಣ್ಣನಿಂದ ಇಸ್ಕೊಂಡಿದ್ದನ್ನ ವಾಪಸ್ ಕೊಡ್ತಾ ಇದಾರೆ, ಸರ್" ಅಂದಳು. ಅವರು ಟೋಪಿ ಕೈಯಲ್ಲಿ ಹಿಡಿದು ಹೊರಗೆ ಹೋದರು.

ಆ ಪಾದಗಳಿಗೆ ದಿನವೂ ಸಾಕ್ಸ್ ಹಾಕಿದವಳೇ ಬೂಟನ್ನೂ ಹಾಕಿದಳು. ಒಣಗಿ ಸಣ್ಣಗಾಗಿದ್ದ ಕಾಲಿಗೆ ಅದು ಈಗಲೂ ದೊಡ್ಡದೇ. ಸುಮಂತನ ಟೀಶರ್ಟಿನ ಚಿಂದಿ ಉಳಿದಿತ್ತು. ಅದನ್ನು ಒಳಗೆ ತುಂಬಿದಳು, ದುಪಟ್ಟಾದ ಅಂಚಿನಿಂದ ಗಂಟು ಹಾಕಿದಳು. ಆಮೇಲೆ ಎರಡೂ ಬೂಟಿನ ಮೇಲೆ ಕೈಯಿಟ್ಟುಕೊಂಡು ಕನ್ನಡದಲ್ಲೇ ಹೇಳಿದಳು.

"ಈಗ ಓಡ್ಬೇಡಿ ಪಪ್ಪೂ. ಯಾರೂ ಅಟ್ಟಿಸಿಕೊಂಡು ಬರ್ತಾ ಇಲ್ಲ. ನಿಧಾನಕ್ಕೆ ನಡ್ಕೊಂಡು ಹೋಗಿ."