ಹೆಳವ ಹೇಳಿದ್ದು, ಸುಧಾರಾಣಿ ಬಿಟ್ಟದ್ದು

"ನಾ ಕೇಸು ವಾಪಸ್ ತಗೋಳಾಕತ್ತೀನ್ರಿ, ಸುಧಾರಾಣಿಯವರ!"

ಸವಣೂರಿನ ಕೋರ್ಟ್ ಪಡಸಾಲೆಯಲ್ಲಿ ವಕೀಲ ಮೈಲಾರಿ ಎದುರಿಗೇ ನಿಂತಿದ್ದ. ಅವನ ಕೈಯಲ್ಲಿ ಅವಳೇ ಬರೆದ ಪುಸ್ತಕ... ಅವಳ ಮನೆತನದ ವಂಶಾವಳಿ!

"ಯಾಕ್ರಿ?"

"ನಿಮ್ಮ ಹೊಲದಾಗ ಕೆರಿ ಕಾಲುವಿ ಇತ್ತಂತ ನನ್ನ ವಾದ. ನಿಮ್ಮ ಅಪ್ಪಾರು ಈ ಪುಸ್ತಕ ಕೋರ್ಟಿಗೆ ಕೊಟ್ಟಾರ. ಇದರಾಗ ಕಾಲುವಿ ಸುದ್ದೀನ ಇಲ್ಲ. ನೀವು ಬರದದ್ದು ಸುಳ್ಳಿರಂಗಿಲ್ಲ ಬಿಡ್ರಿ."

ಅಯ್ಯೋ... ಬೈದಿದ್ದರೂ ಇಷ್ಟು ನೋಯುತ್ತಿರಲಿಲ್ಲ!

ಹೋದ ಮಳೆಗಾಲ ತಿಂಗಳ ಮಳೆ ಒಂದೇ ದಿನ ಸುರಿದು, ಕೆರೆ ಉಕ್ಕಿ, ಕೆಳಗಿನ ಓಣಿಯ ಮನೆಗಳಿಗೆ ನೀರು ನುಗ್ಗಿತ್ತು. ಮೈಲಾರಿಯ ಮನೆಯೂ ಅಲ್ಲೇ. ಹವಾಮಾನ ಬದಲಾಗಿದೆ, ಇಂಥ ಮಳೆ ಇನ್ನೂ ಬರುತ್ತದೆ ಎಂದಿತ್ತು ವಿಜ್ಞಾನಿಗಳ ವರದಿ. ಉಕ್ಕಿದ ನೀರು ಹೊರಹೋಗಲು ಮುಚ್ಚಿಹೋದ ಕಾಲುವೆ ತೆರೆಸಿ ಎಂದೇ ಅವಳ ಅಪ್ಪನ ಮೇಲೆ ಅವನ ಕೇಸು.

ಆ ಮಳೆಗೂ ಮೊದಲೇ, ತಲೆಮಾರುಗಳ ಹೆಸರು ಹೇಳುತ್ತ ಊರೂರು ತಿರುಗುವ ಹೆಳವ ಅವಳ ಮನೆಗೆ ಬಂದಿದ್ದ. "ಮುತ್ತಜ್ಜ ಕರಿಬಸಪ್ಪ ಕಾಲುವಿ ಮುಚ್ಚಿ ಹೊಲಾ ಮಾಡಿದಾ" ಎಂದೂ ಹೇಳಿದ್ದ. ಹೆಳವ ಹೇಳಿದ್ದನ್ನು ಯಾರೂ ತಿದ್ದುವುದಿಲ್ಲ. ವಂಶಾವಳಿ ಬರೆಯುವಾಗ ಅವಳು ಆ ಒಂದು ಸಾಲು ಬಿಟ್ಟಳು! ಶಿಗ್ಗಾಂವಿಯ ಕಾಲೇಜಿನಲ್ಲಿ ನೀತಿಶಾಸ್ತ್ರ ಕಲಿಸುವವಳು, ಮನೆತನದ ಮರ್ಯಾದೆಗೆ ಅಂಜಿ!

'ಹಿರಿಯರ ತಪ್ಪಿಗೆ ನಾವು ಹೊಣೆಯೇ ಅಂತ ಕ್ಲಾಸಿನಲ್ಲಿ ಕೇಳ್ತೀನಿ... ಇದು ಹಿರಿಯರ ತಪ್ಪೇ? ನನ್ನದಲ್ಲವೇ?'

"ಹೆಳವ ಕಾಲುವಿ ಸುದ್ದಿ ಹೇಳಿದ್ದ ರೀ. ನಾನ ಬರೀಲಿಲ್ಲ." ತಲೆ ಎತ್ತಲಾಗಲಿಲ್ಲ.

ಮೈಲಾರಿಯ ಮುಖ ಕಪ್ಪಿಟ್ಟಿತು.

"ನಮ್ಮವ್ವ ಎದಿಮಟ ನೀರಾಗ ನಿಂತಿದ್ಲು. ಮರುದಿನ ನೀವು ರೊಟ್ಟಿ ಕಟಗೊಂಡು ಬಂದ್ರಿ. ನನಗ ನಿಮ್ಮ ಮ್ಯಾಲೆ ಪ್ರೀತಿ ಹುಟ್ಟಿದ್ದು ಆವತ್ತ! ಎಲ್ಲಾ ಗೊತ್ತಿದ್ದ ಬಂದಿದ್ರೇನು?"

"ಹೌದ್ರಿ..."

ಅವನು ಹೊರಳಿ ನಡೆದುಬಿಟ್ಟ.

ಕೇಸು ಕೂಗಿದರು. ಮೈಲಾರಿ ಬಾಯಿ ತೆರೆಯುವ ಮೊದಲೇ ನ್ಯಾಯಾಧೀಶರ ಅಪ್ಪಣೆ ಕೇಳಿ ಸುಧಾರಾಣಿ ಎದ್ದು ನಿಂತಳು. ಅಪ್ಪನ ಕಣ್ಣೆದುರೇ ಎಲ್ಲ ಹೇಳಿದಳು. ನಾಚಿಕೆಯಿಂದ ಕಿವಿ ಸುಡುತ್ತಿದ್ದವು. ಅಪ್ಪ ಎದ್ದು ಹೊರಟುಹೋದರು.

ಹೊರಗೆ ಮೈಲಾರಿ ನಿಂತಿದ್ದ.

"ಸಿಟ್ಟು ಇನ್ನೂ ಹೋಗಿಲ್ರಿ."

"ಹೋಗೂದೂ ಬ್ಯಾಡ. ಮತ್ತ... ಪ್ರೀತಿ?"

"ಅದೂ ಹೋಗವಲ್ದು... ಹಾಳಾದ್ದು!"

ಅಳುತ್ತಲೇ ನಕ್ಕಳು. ಮರುಕ್ಷಣವೇ ಮುಖ ಬಾಡಿತು.

"ನಿಮ್ಮವ್ವನ ಮುಂದ ಹೆಂಗ ನಿಂದರ್ಲಿ?"

ಅವನು ಅವಳ ಕೈ ಹಿಡಿದ.

"ನನ್ನ ಬಾಜೂಕ ನಿಂದರು, ಸುಧಾ. ಆದ್ರ ಹೇಳೂದು ಮಾತ್ರ ನೀನ ಹೇಳಬೇಕು."