ಗುಲ್ಜಾರ್ ಬೀಯ ಲೇತು

"ಬ್ಯಾಡ ಬೇಟಿ. ಮನೇಲಿರೋದೆಲ್ಲಾ ಎತ್ಕಂಡೋಗು, ಗೊಂಬೆ ಕಡೆಯೋ ಆ ಲೇತ್ ಒಂದ ಬುಟ್ಬುಡು," ಎಂದಳು ಗುಲ್ಜಾರ್ ಬೀ. "ನಮ್ಮ ವಾರಗಿತ್ತಿ ಅದಕ್ಕೆ ಮಾಟ ಮಾಡ್ಸವ್ಳೆ. ಇನ್ನೊಬ್ಬರ ಕೆಲ್ಸ ಕಂಡು ಕರುಬೋರು ಅದ್ರ ಮುಂದೆ ಕೂತ್ರೆ ಕೈ ಹೋಯ್ತದೆ. ಮೊದ್ಲು ಹೋಗಿದ್ದು ಅವಳ್ದೇ."

ಪ್ರತಿಮಾ ನಕ್ಕಳು. "ಸಾಲ ತೀರಿಸದವರ ಮನೇಲೆಲ್ಲ ಒಂದೊಂದು ದೆವ್ವ ಇರುತ್ತೆ, ಅಲ್ವಾ ಅಮೀನರೇ?"

ಕೋರ್ಟಿನ ಅಮೀನ ಚೆಲುವಯ್ಯ ನಗಲಿಲ್ಲ. ಜಪ್ತಿಗೆ ಬಂದವನ ಬೆವರು ನೋಡಿ ಮುದುಕಿ ತಂದುಕೊಟ್ಟ ಮಜ್ಜಿಗೆ ಅವನ ಕೈಯಲ್ಲಿತ್ತು.

ಪ್ರತಿಮಾ ಚನ್ನಪಟ್ಟಣದ ಹೆದ್ದಾರಿ ಬದಿಯಲ್ಲಿ ಹೊಸದಾಗಿ ಗೊಂಬೆ ಕಾರ್ಖಾನೆ ತೆರೆದವಳು. ಕೊಳ್ಳಲು ಬಂದವರು ಅವಳ ಬುಗುರಿ ಕೆಳಗಿಟ್ಟು ಗುಲ್ಜಾರ್ ಬೀಯ ಬುಗುರಿಯನ್ನು ಬೆಳಕಿಗೆ ಹಿಡಿದಾಗಲೆಲ್ಲ ಅವಳ ನಾಲಿಗೆ ಕಹಿಯಾಗುತ್ತಿತ್ತು. ಮಗಳ ಹೆರಿಗೆಗೆಂದು ಮುದುಕಿ ಕೈಚಾಚಿದಾಗ ಚೆಕ್ ಬರೆಸಿಕೊಂಡು ಸಾಲ ಕೊಟ್ಟಳು. ಚೆಕ್ ವಾಪಸಾದೊಡನೆ ಸಂಕ್ಷಿಪ್ತ ದಾವೆ ಹೂಡಿದಳು. ಅಂಥ ದಾವೆಯಲ್ಲಿ ಎದುರು ವಾದಿಸಲು ಮೊದಲು ನ್ಯಾಯಾಧೀಶರ ಅನುಮತಿ ಬೇಕು. ಈಸ್ಕೊಂಡದ್ದು ನಿಜ ತಾನೇ ಎಂದುಕೊಂಡು ಗುಲ್ಜಾರ್ ಬೀ ಆ ಅನುಮತಿ ಕೇಳಲೇ ಇಲ್ಲ. ಡಿಕ್ರಿ ಬೇಗ ಆಯಿತು.

"ಕಸುಬಿನ ಸಾಮಾನು ಜಪ್ತಿ ಮಾಡಂಗಿಲ್ಲ ಮೇಡಂ. ಕಾನೂನೇ ಐತೆ," ಎಂದ ಚೆಲುವಯ್ಯ.

"ಜಪ್ತಿ ಯಾಕೆ? ಅವರೇ ಕೊಡಲಿ. ಲೇತ್ ಕೊಟ್ಟರೆ ಇಡೀ ಸಾಲ ಬಿಟ್ಟೆ."

ಒಳಗೆ ಕೂಸು ಅತ್ತಿತು. ಗುಲ್ಜಾರ್ ಬೀ ಅತ್ತ ನೋಡಿ, ಒಪ್ಪಿ ತಲೆಯಾಡಿಸಿದಳು. ದಾರಿಯಲ್ಲಿ ಪೆಟ್ಟಾಗದಿರಲೆಂದು ತನ್ನ ಹೊದಿಕೆಯನ್ನೇ ಲೇತಿಗೆ ಸುತ್ತಿ ಕಳಿಸಿದಳು.

ಮರುದಿನ ಮಧ್ಯಾಹ್ನ, ಕಾರ್ಖಾನೆಯ ಕೆಲಸದವರು ಊಟಕ್ಕೆ ಹೊರಗೆ ಹೋದಾಗ, ಪ್ರತಿಮಾ ಒಬ್ಬಳೇ ಲೇತಿನ ಮುಂದೆ ಕುಳಿತಳು. ಮರ ತಿರುಗಿತು. ಅರಗಿನ ಕಡ್ಡಿ ಒತ್ತಿದಳು. ಕೆಂಪು ಬಣ್ಣ ರೇಷ್ಮೆಯಂತೆ ಹರಡಿತು. ಎಂಥ ಹೊಳಪು! ಆದರೂ ಮುದುಕಿಯದರಷ್ಟಿಲ್ಲ.

ಹೊಟ್ಟೆಯಲ್ಲಿ ಏನೋ ಹೊತ್ತಿಕೊಂಡಂತಾಯಿತು.

ಅರಗಿನ ವಾಸನೆಯ ನಡುವೆ ಕೂದಲು ಸುಟ್ಟ ನಾತ ಎದ್ದಿತು. ಕಿಟಕಿಯ ಬೆಳಕು ಮಸುಕಾಯಿತು. ಲೇತಿನ ಗುಂಯ್‌ಗುಡುವಿಕೆ ಯಾರೋ ಹೆಂಗಸು ಹಲ್ಲು ಕಚ್ಚಿ ಉಸಿರಾಡಿದಂತೆ ಕೇಳಿತು. ಸ್ವಿಚ್ ಆರಿಸಿದಳು. ನಿಲ್ಲಲಿಲ್ಲ. ಪ್ಲಗ್ ಕಿತ್ತಳು. ನಿಲ್ಲಲಿಲ್ಲ. ಅರಗು ಬೆರಳಿಗೆ ಅಂಟಿತ್ತು. ಬಿಡಲಿಲ್ಲ. ಎಳೆಯಿತು. ಇನ್ನೂ ಎಳೆಯಿತು. ಅವಳು ಚೀರಿದಳು.

"ಯಾ ಅಲ್ಲಾ!"

ಬಾಗಿಲಲ್ಲಿ ಗುಲ್ಜಾರ್ ಬೀ. ಮೆರುಗು ಉಜ್ಜಲು ಬೇಕಾಗುತ್ತದೆಂದು ಕೇದಗೆ ಗರಿಯ ಕಟ್ಟು ಕೊಡಲು ಬಂದಿದ್ದಳು. ಗರಿ ಬಿಸಾಡಿ ಓಡಿಬಂದು, ಪ್ರತಿಮಾಳನ್ನು ಆಚೆ ತಳ್ಳಿ, ತನ್ನ ಬಲಗೈಯನ್ನು ಅಡ್ಡ ಕೊಟ್ಟಳು.

ಲೇತು ನಿಂತಿತು.

ಕೆಲಸದವರು ಓಡಿಬಂದರು. ಒಬ್ಬಳು ಸೆರಗು ಹರಿದು ಮುದುಕಿಯ ಕೈಗೆ ಸುತ್ತಿದಳು. ಇನ್ನೊಬ್ಬಳು ಅವಳ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು, "ಆಟೋ ಬತ್ತೈತೆ ಕಣಜ್ಜಿ, ಒಸಿ ತಡ್ಕೊ," ಎನ್ನುತ್ತ ಕೆನ್ನೆ ಸವರಿದಳು. ಗಂಡಸರೂ ಕಣ್ಣೊರೆಸಿಕೊಂಡರು.

ಪ್ರತಿಮಾ ಲೇತಿಗೆ ಬೆನ್ನು ಹಾಕಿ ನಿಂತಿದ್ದಳು. ಅವಳ ಬೆರಳಿಗೆ ಒಂದು ಗೀರೂ ಇರಲಿಲ್ಲ. ಯಾರೂ ಅವಳತ್ತ ತಿರುಗಲಿಲ್ಲ. ಕೆನ್ನೆ ಸವರುವ ಆ ಕೈಯನ್ನೇ ನೋಡಿದಳು. ತನ್ನ ಸಂಬಳ ತಿನ್ನುವ ಈ ಜನರಲ್ಲಿ ಒಬ್ಬರಾದರೂ ತನಗೆಂದು ಹೀಗೆ ಅತ್ತಾರೇ?

ಹೊಟ್ಟೆಯಲ್ಲಿ ಮತ್ತೆ ಅದೇ ಬಿಸಿ.

ಬೇಡ, ಎಂದುಕೊಂಡಳು. ಬೇಡ, ಬೇಡ.

ಪ್ಲಗ್ ನೆಲದ ಮೇಲೆ ಬಿದ್ದಿತ್ತು. ಅವಳ ಬೆನ್ನ ಹಿಂದೆ ಲೇತಿನ ಮರ ಮೆಲ್ಲಗೆ ತಿರುಗತೊಡಗಿತು.